ಆಂಟಿಯ ಬೇಸ್‌ಬಾಲ್ ಬೇಸಿಗೆ

ನಮ್ಮ ವಾರ್ಡಿನಲ್ಲಿ ಆಪರೇಷನ್‌ಗೆ ಹೊರಟ ರೋಗಿಗಳಿಗೆ ನರ್ಸುಗಳೆಲ್ಲ ಹೇಳುವುದು ಒಂದೇ ಮಾತು: “ಏನೂ ಆಗಲ್ಲ, ಆರಾಮಾಗಿರಿ.” ಆಂಟಿ ಮಾತ್ರ ಹಾಗೆ ಹೇಳುತ್ತಿರಲಿಲ್ಲ. ಮಂಚದ ಪಕ್ಕ ಕುರ್ಚಿ ಎಳೆದುಕೊಂಡು ಕೂತು, ಕನ್ನಡಕದ ಮೇಲಿನಿಂದ ನೋಡುತ್ತ, ತಮ್ಮ ಮಂಗಳೂರು ಇಂಗ್ಲಿಷಿನಲ್ಲಿ, “ಹೆದರಿಕೆ ಆಗ್ತದಾ?” ಎಂದು ಕೇಳುತ್ತಿದ್ದರು. ರೋಗಿ ಇಲ್ಲವೆಂದು ತಲೆಯಾಡಿಸಿದರೆ, “ನನಗೆ ಆಗ್ತದಪ್ಪ. ನನಗೆ ಆಸ್ಪತ್ರೆ ಅಂದ್ರೇ ಆಗುದಿಲ್ಲ” ಎನ್ನುತ್ತಿದ್ದರು. ಅರ್ಧ ಆಯುಷ್ಯ ಆಸ್ಪತ್ರೆಯಲ್ಲೇ ಕಳೆದ ಹೆಂಗಸು ಹೀಗೆ ಹೇಳಿದರೆ ಯಾರಿಗೆ ತಾನೇ ನಗು ಬರುವುದಿಲ್ಲ? ರೋಗಿ ನಗುತ್ತಿದ್ದ. ನಕ್ಕಾದ ಮೇಲೆ ಸಣ್ಣ ದನಿಯಲ್ಲಿ, ತನಗೆ ಯಾವುದರ ಭಯವೆಂದು ಒಂದೊಂದಾಗಿ ಹೇಳಿಬಿಡುತ್ತಿದ್ದ.

ಹೋದ ತಿಂಗಳು ಬ್ರಿಸ್ಬೇನಿನ ನಾರ್ತ್ ಲೇಕ್ಸ್‌ನಿಂದ ಅವರ ಮಗಳು ಫೋನ್ ಮಾಡಿ, “ಮಮ್ಮಿ ಹೋಗ್ಬಿಟ್ರು” ಎಂದಳು. ಕೆಲಸ ಬಿಟ್ಟ ಮೇಲೆ ಮಗಳ ಜೊತೆಗೇ ಇದ್ದರು, ನಿದ್ದೆಯಲ್ಲೇ ಹೋದರಂತೆ. ನಾನು ವಿಮಾನ ಹತ್ತಿ ಹೋದೆ. ಚರ್ಚಿನಲ್ಲಿ ಒಬ್ಬೊಬ್ಬರೇ ಎದ್ದು ನಿಂತು ಅವರ ಹೆದರಿಕೆಗಳ ಕಥೆ ಹೇಳಿದರು. ಮನೆ ಮುಂದಿನ ಅಂಚೆ ಡಬ್ಬಿಯಲ್ಲಿ ಜೇಡ ಕಂಡು ವಾರಗಟ್ಟಲೆ ಪೋಸ್ಟ್ ತೆಗೆಯದೆ ಇದ್ದದ್ದು, ಮ್ಯಾಗ್‌ಪೈ ಹಕ್ಕಿ ಕುಕ್ಕೀತೆಂದು ಬೇಸಿಗೆಯಲ್ಲೂ ಕೊಡೆ ಹಿಡಿದು ನಡೆದದ್ದು, ಗ್ಯಾರೇಜಿನ ಬಾಗಿಲು ತಲೆಯ ಮೇಲೆ ಬಿದ್ದೀತೆಂದು ಅದರ ಕೆಳಗೆ ಓಡಿ ದಾಟುತ್ತಿದ್ದದ್ದು. ಅಳುತ್ತಿದ್ದವರೂ ನಕ್ಕರು. ಆದರೆ ಬೇಸ್‌ಬಾಲಿನ ವಿಷಯ ಯಾರೂ ಎತ್ತಲಿಲ್ಲ. ಅದನ್ನು ಪೂರ್ತಿ ಕಂಡವಳು ನಾನೊಬ್ಬಳೇ ಇರಬೇಕು.

ಅವರು ಮಂಗಳೂರು ಕಡೆಯ ಕ್ಯಾಥೊಲಿಕ್ ಮನೆತನದವರು. ಕುವೈತಿನಲ್ಲಿ ನರ್ಸ್ ಆಗಿದ್ದು, ಆಮೇಲೆ ಗಂಡ-ಮಗಳ ಜೊತೆ ಆಸ್ಟ್ರೇಲಿಯಾದ ಅಡಿಲೇಡಿಗೆ ಬಂದು ಇಲ್ಲಿನ ಮಾಡ್ಬರಿ ಬಡಾವಣೆಯಲ್ಲಿ ನೆಲೆಸಿದವರು. ನಾನು ಮೈಸೂರಿನಿಂದ ಬಂದು ಅದೇ ವಾರ್ಡಿಗೆ ಸೇರಿದಾಗ ಗಂಡ ತೀರಿಕೊಂಡಿದ್ದರು, ಮಗಳು ಮದುವೆಯಾಗಿ ಬ್ರಿಸ್ಬೇನಿಗೆ ಹೋಗಿದ್ದಳು. ಮೂರು ಕೋಣೆಯ ಮನೆಯಲ್ಲಿ ಒಬ್ಬರೇ. ರಾತ್ರಿ ಫ್ರಿಜ್ ಗುರ್ ಎಂದರೂ ನನಗೆ ಮೆಸೇಜ್ ಬರುತ್ತಿತ್ತು.

ಎರಡು ಸಾವಿರದ ಹತ್ತರ ದಶಕದ ನಡುವಿನ ಒಂದು ವರ್ಷ, ಬೇಸಿಗೆ ಶುರುವಾಗುವ ಹೊತ್ತಿಗೆ, ಭಾನುವಾರದ ಪೂಜೆ ಮುಗಿದ ಮೇಲೆ ಅವರ ಪಾದ್ರಿ ಒಂದು ಪ್ರಕಟಣೆ ಓದಿದರಂತೆ. ನಮ್ಮೂರ ವೃತ್ತಿಪರ ಬೇಸ್‌ಬಾಲ್ ತಂಡಕ್ಕೆ ಹೊರದೇಶದಿಂದ ಬರುವ ಆಟಗಾರರನ್ನು ಸೀಸನ್ ಮುಗಿಯುವ ತನಕ ಮನೆಯಲ್ಲಿಟ್ಟುಕೊಳ್ಳುವವರು ಬೇಕು ಎಂದು. ಆಂಟಿ ಕೈ ಎತ್ತಿಬಿಟ್ಟರು.

“ಬೇಸ್‌ಬಾಲ್ ಅಂದ್ರೆ ಏನು ಅಂತ ಗೊತ್ತಾ ಆಂಟಿ ನಿಮಗೆ?” ಎಂದು ಕೇಳಿದೆ.

“ಗೊತ್ತಿಲ್ಲ ಮಾರಾಯ್ತಿ. ಮನೆಯಲ್ಲಿ ಒಂದು ಗಂಡು ಜನ ಇದ್ರೆ ಆಯ್ತು. ಕೋಲು ಹಿಡ್ಕೊಂಡು ಆಡುವ ಆಟ ಅಂತೆ. ಕಳ್ಳ ಬಂದ್ರೆ ಉಪಯೋಗ ಆಗ್ತದೆ.”

ಬಂದವನು ಅಮೆರಿಕದ ಜೋಳದ ಹೊಲಗಳ ಸೀಮೆಯಿಂದ ಬಂದ, ಬಾಗಿಲಿಗೆ ಬಗ್ಗಿಯೇ ಬರಬೇಕಾದಷ್ಟು ಎತ್ತರದ ಇಪ್ಪತ್ತೆರಡರ ಹುಡುಗ. ಅವನು ಕೋಲು ಹಿಡಿಯುವವನಲ್ಲ, ಚೆಂಡು ಎಸೆಯುವವನು ಎಂದು ತಿಳಿದಾಗ ಆಂಟಿಗೆ ಕೊಂಚ ನಿರಾಸೆಯಾಯಿತು. ಅವರು ಅವನನ್ನು ಕೊಂಕಣಿಯಲ್ಲಿ ‘ಪುತಾ’ ಎಂದು ಕರೆದರು, ಮಗನೇ ಎಂದು. ತಂಡದಲ್ಲಿದ್ದ ಸ್ಪ್ಯಾನಿಷ್ ಮಾತಿನ ಆಟಗಾರನೊಬ್ಬ ಅದನ್ನು ಕೇಳಿ ನಕ್ಕು ನಕ್ಕು ನೆಲಕ್ಕೆ ಕೂತ. ಅವನ ಭಾಷೆಯಲ್ಲಿ ಅದು ಬಾಯಲ್ಲಿ ಹೇಳಬಾರದ ಮಾತಂತೆ. ಆಂಟಿ ಬಿಡಲಿಲ್ಲ. ಹುಡುಗನೂ ‘ಆಂಟಿ’ ಎಂಬುದು ಅವರ ಹೆಸರೇ ಎಂದುಕೊಂಡಿದ್ದ.

ಆ ವರ್ಷ ತಂಡ ಕಟ್ಟುವ ವರ್ಷ. ಹಳಬರನ್ನೆಲ್ಲ ಬಿಟ್ಟು ಹೊಸ ಹುಡುಗರನ್ನು ತಂದಿದ್ದರು. ಈ ವರ್ಷ ಗೆಲ್ಲುವುದು ಮುಖ್ಯವಲ್ಲ, ಮುಂದಿನ ವರ್ಷಗಳಿಗೆ ತಳಪಾಯ ಹಾಕುತ್ತಿದ್ದೇವೆ ಎಂದು ಕೋಚ್ ಎಲ್ಲರಿಗೂ ಹೇಳುತ್ತಿದ್ದ. ಕೇಳಲು ಚೆನ್ನಾಗಿತ್ತು. ಆದರೆ ಸೋತಷ್ಟೂ ಹುಡುಗರ ಮುಖ ಕಪ್ಪಿಡುತ್ತಿತ್ತು. ವಾರದ ಮೊದಲ ದಿನ ಯಾರಾದರೂ ಒಬ್ಬನ ಕುರ್ಚಿ ಖಾಲಿ ಇರುತ್ತಿತ್ತು, ಎರಡು ದಿನದಲ್ಲಿ ಅದೇ ಕುರ್ಚಿಯಲ್ಲಿ ಹೊಸಬ. ನಮ್ಮ ಹುಡುಗ ಸೋಮವಾರ ಫೋನ್ ರಿಂಗಾದರೆ ತಿನ್ನುವ ತುತ್ತನ್ನು ತಟ್ಟೆಗಿಡುತ್ತಿದ್ದ. “ನನ್ನ ಹಾಗೇ ಉಂಟು ಇದು” ಎಂದು ಆಂಟಿ ನನಗೆ ಹೇಳಿದರು. ಅವರ ದನಿಯಲ್ಲಿ ಒಂಥರಾ ಸಮಾಧಾನವಿತ್ತು, ಮನೆಗೆ ತಮ್ಮದೇ ಜಾತಿಯ ಪ್ರಾಣಿಯೊಂದು ಬಂದು ಸೇರಿದ ಹಾಗೆ.

ಮೊದಲ ಆಟಕ್ಕೆ ನನ್ನನ್ನೂ ಎಳೆದುಕೊಂಡು ಹೋದರು, ಏಕೆಂದರೆ ದೊಡ್ಡ ರಸ್ತೆಯಲ್ಲಿ ಕಾರು ಓಡಿಸಲು ಅವರಿಗೆ ಧೈರ್ಯವಿರಲಿಲ್ಲ. ನನಗೆ ಗೊತ್ತಿದ್ದದ್ದು ಕ್ರಿಕೆಟ್ ಅಷ್ಟೇ. ಇಲ್ಲಿ ನಡುವಿನ ಮಣ್ಣಿನ ದಿಬ್ಬದ ಮೇಲೆ ಒಬ್ಬ ನಿಂತು ಚೆಂಡನ್ನು ನೆಲಕ್ಕೆ ತಾಕಿಸದೆ ನೇರವಾಗಿ, ಇದ್ದ ಬಲವನ್ನೆಲ್ಲ ಹಾಕಿ ಎಸೆಯುತ್ತಾನೆ. ಬ್ಯಾಟ್ ಹಿಡಿದವನು ಅದನ್ನು ಹೊಡೆದು, ಮೈದಾನದ ಮೂಲೆಗಳಲ್ಲಿಟ್ಟ ಬೇಸ್ ಎಂಬ ಮೆತ್ತೆಗಳ ಕಡೆ ಓಡಬೇಕು. ಚೆಂಡೇನಾದರೂ ಮೈಗೆ ಬಡಿದರೆ, ಬಡಿಸಿಕೊಂಡವನಿಗೆ ಮೊದಲ ಬೇಸ್ ಪುಕ್ಕಟೆ. ಪಕ್ಕದವರನ್ನು ಕೇಳಿ ತಿಳಿದು ಇದನ್ನು ವಿವರಿಸಿದಾಗ ಆಂಟಿ ನನ್ನನ್ನೇ ದುರುಗುಟ್ಟಿ ನೋಡಿದರು. “ಪೆಟ್ಟು ತಿಂದದ್ದಕ್ಕೆ ಬಹುಮಾನವಾ? ಯಾವ ಹುಚ್ಚ ಕಂಡುಹಿಡಿದದ್ದು ಇದನ್ನು?”

ಆಮೇಲೆ ನಮ್ಮ ಹುಡುಗ ದಿಬ್ಬ ಹತ್ತಿದ. ಆಂಟಿ ಜಪಮಾಲೆ ತೆಗೆದು ಕಣ್ಣು ಮುಚ್ಚಿದರು. ಆಟ ಮುಗಿಯುವ ತನಕ ತೆರೆಯಲಿಲ್ಲ. ಒಂದು ಕೈ ಜಪಮಾಲೆಯಲ್ಲಿ, ಇನ್ನೊಂದು ನನ್ನ ತೊಡೆಯ ಮೇಲೆ. ಪ್ರತಿ ಎಸೆತಕ್ಕೂ ಚಿವುಟು.

“ಎಂತ ಆಯ್ತು?”

“ಏನೂ ಆಗಿಲ್ಲ ಆಂಟಿ. ಹೊರಗೆ ಹೋಯ್ತು.”

“ಏನೂ ಆಗ್ಲಿಲ್ಲ ಅಂತ ಹೇಳ್ಬೇಡ. ಎಂತ ಆಯ್ತು ಅದನ್ನು ಹೇಳು.”

ಹೀಗೆ ಅಲ್ಲಿಂದ ಮುಂದೆ ಅವರು ಪ್ರತಿಯೊಂದು ಆಟಕ್ಕೂ ಬರುತ್ತಿದ್ದರು, ಒಂದನ್ನೂ ನೋಡುತ್ತಿರಲಿಲ್ಲ. ಮನೆಯಲ್ಲೇ ಇರಬಹುದಲ್ಲ ಎಂದರೆ, ಮನೆಯಲ್ಲಿ ಕೂತರೆ ಹೇಳುವವರು ಯಾರೂ ಇರುವುದಿಲ್ಲವಲ್ಲ ಎನ್ನುತ್ತಿದ್ದರು.

ಕ್ರಿಸ್‌ಮಸ್‌ಗೆ ಕೆಲವು ವಾರ ಮುಂಚೆ ತಂಡ ಪರ್ತ್‌ಗೆ ಹೊರಟಿತು. ಪರ್ತ್‌ನ ಪಿಯಾರಾ ವಾಟರ್ಸ್‌ನಲ್ಲಿ ಆಂಟಿಯ ತಂಗಿಯ ಮನೆ. ಅವಳನ್ನು ನೋಡಿದ ಹಾಗೂ ಆಗುತ್ತದೆ ಎಂದು ಇವರೂ ಟಿಕೆಟ್ ತೆಗೆದರು. ಒಬ್ಬರೇ ವಿಮಾನ ಹತ್ತಲು ಭಯ, ಹಾಗಾಗಿ ನಾನೂ ರಜೆ ಹಾಕಿದೆ.

ಶನಿವಾರದ ಮಧ್ಯಾಹ್ನ, ಕಾದ ಹೆಂಚಿನಂಥ ಬಿಸಿಲು. ಹುಡುಗ ಅಂದು ಚೆನ್ನಾಗಿಯೇ ಎಸೆಯುತ್ತಿದ್ದ. ನಾನು ಆಂಟಿಗೆ ಒಳ್ಳೆಯ ಸುದ್ದಿಯನ್ನೇ ಕೊಡುತ್ತಿದ್ದೆ. ಪರ್ತ್ ತಂಡದ ಕೆಂಪು ಗಡ್ಡದ ಆಟಗಾರನೊಬ್ಬ ಬ್ಯಾಟ್ ಹಿಡಿದು ಬಂದು ನಿಂತ. ಚೆಂಡು ಹುಡುಗನ ಕೈ ಬಿಟ್ಟದ್ದು ಕಂಡೆ. ಬೆವರಿಗೆ ಜಾರಿತೋ ಏನೋ, ಅದು ಹೋಗಬೇಕಾದ ದಾರಿಯಲ್ಲಿ ಹೋಗಲಿಲ್ಲ. ಹೆಲ್ಮೆಟ್ಟಿನ ಕೆಳಗೆ, ಕೆನ್ನೆಯ ಮೇಲೆ, ಕಣ್ಣಿನ ಅಂಚಿಗೆ ಬಡಿಯಿತು. ಒಣಗಿದ ಕಟ್ಟಿಗೆ ಮುರಿದ ಸದ್ದು.

“ಎಂತ ಆಯ್ತು?” ಆಂಟಿ ಕಣ್ಣು ಮುಚ್ಚಿಕೊಂಡೇ ಕೇಳಿದರು.

ನಾನು ಎದ್ದು ನಿಂತಿದ್ದೆ.

“ಎಂತ ಆಯ್ತು, ಹೇಳು ಮಾರಾಯ್ತಿ!”

“ಬಿದ್ದಿದಾನೆ ಆಂಟಿ.”

“ಯಾರು? ನಮ್ಮವನಾ?”

“ಅಲ್ಲ. ಅವರ ಹುಡುಗ. ಮುಖಕ್ಕೆ ಬಿತ್ತು.”

ಆಗ ಕಣ್ಣು ತೆರೆದರು. ಎಲ್ಲರೂ ಬಿದ್ದವನ ಕಡೆ ಓಡುತ್ತಿದ್ದರು. ಅವನ ಕೆಳಗಿನ ಮಣ್ಣು ಕಪ್ಪಾಗಿತ್ತು. ನಾನೂ ಅಲ್ಲಿಗೇ ನೋಡುತ್ತಿದ್ದೆ. ಆಂಟಿ ನೋಡುತ್ತಿದ್ದದ್ದು ಬೇರೆ ಕಡೆ. ದಿಬ್ಬದ ಮೇಲೆ ನಮ್ಮ ಹುಡುಗ ಒಬ್ಬನೇ ನಿಂತಿದ್ದ. ಚರ್ಮದ ಗ್ಲೌಸನ್ನು ಬಾಯಿಗೆ ಒತ್ತಿ ಹಿಡಿದಿದ್ದ. ಹತ್ತಿರ ಹೋಗಲೂ ಕಾಲು ಬರದೆ, ದೂರ ಸರಿಯಲೂ ಆಗದೆ.

“ಅವನಿಗೆ ಯಾರಾದ್ರೂ ಹೇಳಿದ್ರಾ?”

“ಏನಂತ?”

“ಆ ಜನ ಬದುಕಿದ್ದಾನೆ ಅಂತ!”

ಮೆಟ್ಟಿಲಿಳಿಯಲು ಸದಾ ಕಂಬಿ ಹಿಡಿಯುತ್ತಿದ್ದ ಹೆಂಗಸು ಎರಡೆರಡು ಮೆಟ್ಟಿಲು ಹಾರಿ ಮೈದಾನದ ಅಂಚಿನ ಬಲೆಯ ತನಕ ಓಡಿದರು. “ಪುತಾ! ಅವನ ಕೈ ಆಡ್ತಾ ಉಂಟು! ನೋಡು, ಕೈ ಆಡಿಸ್ತಾ ಇದ್ದಾನೆ!” ಎಂದು ಗಂಟಲು ಹರಿಯುವಂತೆ ಇಂಗ್ಲಿಷಿನಲ್ಲಿ ಕೂಗಿದರು. ಹುಡುಗ ಅವರ ಕಡೆ ತಿರುಗಿದ. ಅವನ ಕಣ್ಣುಗಳನ್ನು ನಾನು ಈಗಲೂ ಮರೆತಿಲ್ಲ.

ಮಾರನೆಯ ಬೆಳಗ್ಗೆ ಆಂಟಿ ಅವನನ್ನು ಆಸ್ಪತ್ರೆಗೆ ಕರೆದೊಯ್ಯುತ್ತೇನೆಂದು ಹಟ ಹಿಡಿದರು. ಕೋಚ್ ಬೇಡವೆಂದ. ಕೆಟ್ಟವನೇನಲ್ಲ, ತನ್ನ ಹುಡುಗರ ಮೇಲೆ ಜೀವ ಇಟ್ಟುಕೊಂಡಿದ್ದವನೇ. “ಅವನು ಅದನ್ನ ಮರೀಬೇಕು. ಮುಂದಿನ ಎಸೆತದ ಬಗ್ಗೆ ಯೋಚನೆ ಮಾಡ್ಬೇಕು. ಅಲ್ಲಿಗೆ ಹೋದ್ರೆ ಮರೆಯೋಕಾಗಲ್ಲ” ಎಂದ. ತಂಗಿಯೂ ಅಡಿಗೆಮನೆಯಲ್ಲಿ ಕೊಂಕಣಿಯಲ್ಲಿ ಬೈದಳು, ಊರ ಉಸಾಬರಿ ನಿನಗೇಕೆ ಎಂದು.

“ಏನಾಗಿದೆ ಅಂತ ಗೊತ್ತಿಲ್ಲದೆ ಅವನು ಮರೆಯುದು ಹೇಗೆ?” ಎಂದರು ಆಂಟಿ. ಹುಡುಗನನ್ನೇ ಕೇಳಿದರು. ಅವನು ತಲೆ ತಗ್ಗಿಸಿಕೊಂಡೇ ಬರುತ್ತೇನೆಂದ. ತಂಗಿಯ ಗಂಡ ಕಾರು ತೆಗೆದರು.

ವಾರ್ಡಿನ ಬಾಗಿಲಲ್ಲೇ ಗಾಯಗೊಂಡವನ ತಾಯಿ ಸಿಕ್ಕಳು. ಗಟ್ಟಿಮುಟ್ಟಾದ ಹೆಂಗಸು, ಹಿಂದಿನ ದಿನದ ಬಟ್ಟೆಯಲ್ಲೇ ಇದ್ದಳು. ಹುಡುಗನ ಎತ್ತರ ನೋಡಿಯೇ ಗುರುತಿಸಿದಳು.

“ನೀನಾ?”

“ಹೌದು ಮ್ಯಾಮ್. ನನ್ನನ್ನು...”

“ನಿನ್ನ ಮುಖ ನೋಡೋಕೆ ನನಗಿಷ್ಟ ಇಲ್ಲ. ಹೋಗು ಇಲ್ಲಿಂದ.”

ಹುಡುಗ ಗೋಡೆಗೆ ಅಂಟಿಕೊಂಡ. ನಾನು ಆಂಟಿಯ ತೋಳು ಹಿಡಿದು ಎಳೆದೆ. ಅವರು ಕದಲಲಿಲ್ಲ. ಆ ಹೆಂಗಸನ್ನೇ ನೋಡುತ್ತ, ನಮ್ಮ ವಾರ್ಡಿನಲ್ಲಿ ಕೇಳುವ ದನಿಯಲ್ಲೇ ಕೇಳಿದರು: “ನಿಮಗೆ ಹೆದರಿಕೆ ಆಗ್ತಾ ಉಂಟಾ?”

“ಕಣ್ಣು ಉಳಿಯುತ್ತೋ ಇಲ್ವೋ ಈಗಲೇ ಹೇಳೋಕಾಗಲ್ಲವಂತೆ. ನನ್ನ ಮಗ ಎಲೆಕ್ಟ್ರಿಷಿಯನ್. ಈ ಆಟದಿಂದ ಅವನ ಹೊಟ್ಟೆ ತುಂಬಲ್ಲ. ಕಣ್ಣಿಲ್ಲದೆ ಅವನು ತಂತಿ ಹಿಡಿಯೋದು ಹೇಗೆ? ಯಾರೂ ಸರಿಯಾಗಿ ಏನೂ ಹೇಳ್ತಿಲ್ಲ ನನಗೆ” ಎಂದವಳು ಕುಸಿದು ಕೂತಳು. ಆಂಟಿ ಪಕ್ಕದಲ್ಲಿ ಕೂತು, ಡಾಕ್ಟರು ಹೇಳಿದ್ದನ್ನೆಲ್ಲ ಅವಳ ಬಾಯಿಂದಲೇ ಮತ್ತೆ ಕೇಳಿಸಿಕೊಂಡು, ಒಂದೊಂದು ಪದವನ್ನೂ ಬಿಡಿಸಿ ಹೇಳಿದರು. ಊತ ಇಳಿಯುವ ತನಕ ಏಕೆ ಕಾಯುತ್ತಾರೆ, ಆಮೇಲೆ ಏನು ನೋಡುತ್ತಾರೆ, ಒಳ್ಳೆಯದಾದರೆ ಹೇಗೆ, ಕೆಟ್ಟದಾದರೆ ಹೇಗೆ. ಹುಡುಗ ದೂರದಲ್ಲಿ ನಿಂತು ಎಲ್ಲವನ್ನೂ ಕೇಳಿಸಿಕೊಂಡ. ಒಳಗೆ ಹೋಗಲು ಅವನನ್ನು ಬಿಡಲಿಲ್ಲ. ಹೊರಡುವಾಗ ಆ ತಾಯಿ ತನ್ನ ಫೋನ್ ನಂಬರನ್ನು ಆಂಟಿಗೆ ಕೊಟ್ಟಳು, ಹುಡುಗನ ಕಡೆ ತಿರುಗಿಯೂ ನೋಡಲಿಲ್ಲ.

ಹಿಂತಿರುಗುವಾಗ ಹುಡುಗ ಕಾರು ನಿಲ್ಲಿಸಲು ಹೇಳಿ ರಸ್ತೆ ಬದಿಯಲ್ಲಿ ವಾಂತಿ ಮಾಡಿಕೊಂಡ. ಬಾಯಿ ಒರೆಸಿಕೊಂಡು ಬಂದು, “ನೀವು ನನ್ನನ್ನು ಕರ್ಕೊಂಡು ಬರಬಾರದಿತ್ತು ಆಂಟಿ” ಎಂದ. ಸಿಟ್ಟಿನಿಂದಲ್ಲ. ಅದೇ ಕೇಳಲು ಕಷ್ಟವಾಯಿತು.

ಅಡಿಲೇಡಿಗೆ ಮರಳಿದ ಮೇಲೆ ಅವನಿಗೆ ಎಸೆಯಲು ಬರಲಿಲ್ಲ. ತೋಳಿಗೆ ಏನೂ ಆಗಿರಲಿಲ್ಲ. ಆದರೆ ಬ್ಯಾಟ್ ಹಿಡಿದವನು ಎದುರು ನಿಂತ ಕೂಡಲೇ ಚೆಂಡು ಅವನಿಂದ ಎಷ್ಟು ದೂರ ಸಾಧ್ಯವೋ ಅಷ್ಟು ದೂರ ಹೋಗುತ್ತಿತ್ತು. ಎದುರಾಳಿಗಳು ಬ್ಯಾಟ್ ಬೀಸುವ ಕಷ್ಟವನ್ನೇ ತೆಗೆದುಕೊಳ್ಳದೆ ನಿಂತು, ನಾಲ್ಕು ಎಸೆತ ಹೀಗೆ ದಾರಿ ತಪ್ಪಿದರೆ ಸಿಗುವ ಪುಕ್ಕಟೆ ಬೇಸ್‌ಗೆ ನಡೆದುಕೊಂಡು ಹೋಗುತ್ತಿದ್ದರು. ತಂಡ ಸೋಲುತ್ತಲೇ ಇತ್ತು. ನೋಡುವವರು ಕಡಿಮೆಯಾದರು. ತಂಡವನ್ನೇ ಮುಚ್ಚುತ್ತಾರಂತೆ ಎಂಬ ಗಾಳಿಮಾತೂ ಹುಟ್ಟಿತು. ಕೋಚ್ ಒಂದು ದಿನ ಆಂಟಿಯನ್ನು ಪಕ್ಕಕ್ಕೆ ಕರೆದು, “ನಾನು ಹೇಳಿದ್ದೆ” ಎಂದಷ್ಟೇ ಹೇಳಿದ.

ಅವತ್ತು ಆಸ್ಪತ್ರೆಯ ಊಟದ ಕೋಣೆಯಲ್ಲಿ ಆಂಟಿ ಡಬ್ಬಿ ತೆರೆಯಲೇ ಇಲ್ಲ. “ನನ್ನ ಹೆದರಿಕೆಯನ್ನು ಆ ಮಗುವಿಗೆ ಅಂಟಿಸಿಬಿಟ್ಟೆನಾ ನಾನು? ಜ್ವರ ಅಂಟಿಸಿದ ಹಾಗೆ?” ಎಂದು ಕೇಳಿದರು. ನನಗೂ ಹಾಗೇ ಅನಿಸಿತ್ತು.

ಕ್ರಿಸ್‌ಮಸ್ ಹತ್ತಿರ ಬಂತು. ಆಂಟಿ ತಮ್ಮೂರಿನ ಕ್ರಮದಂತೆ ಕುಸ್ವಾರ್ ತಿಂಡಿಗಳಿಗೆ ಕೂತರು. ಅದರಲ್ಲಿ ಕಿಡ್ಯೊ ಎಂದು ಒಂದು. ಹಿಟ್ಟಿನ ಸಣ್ಣ ಉಂಡೆಯನ್ನು ಫೋರ್ಕಿನ ಬೆನ್ನ ಮೇಲೆ ಒತ್ತಿ ಸುರುಳಿ ಸುತ್ತಿ ಕರಿಯುವುದು, ನೋಡಲು ಹುಳುವಿನ ಹಾಗೆ. ಹುಡುಗ ಮೇಜಿನ ಬಳಿ ಕೂತು ಸುತ್ತುತ್ತಿದ್ದ. ಒಂದರಂತೆಯೇ ಇನ್ನೊಂದು, ಸಾಲುಸಾಲಾಗಿ. ಆಂಟಿ ಎಣ್ಣೆಯ ಮುಂದೆ ನಿಂತುಕೊಂಡೇ ಅಂದಿನ ಸುದ್ದಿ ಹೇಳುತ್ತಿದ್ದರು. ಪರ್ತ್‌ನ ಆ ತಾಯಿಗೆ ದಿನವೂ ಫೋನ್ ಮಾಡುತ್ತಿದ್ದರು. ಇವತ್ತು ಊತ ಇಳಿದಿದೆಯಂತೆ. ಇವತ್ತು ಬೆಳಕು ಕಾಣುತ್ತಿದೆಯಂತೆ. ಇವತ್ತು ಬಾಗಿಲು ಯಾವುದು ಕಿಟಕಿ ಯಾವುದು ತಿಳಿಯಿತಂತೆ, ಆದರೆ ತಲೆನೋವು ಹೆಚ್ಚಾಗಿದೆಯಂತೆ. ಸಿಹಿ ಸುದ್ದಿಯಷ್ಟನ್ನೇ ಹೇಳಬಾರದೇ ಎಂದು ನಾನು ಪಿಸುಗುಟ್ಟಿದೆ. “ಅರ್ಧ ಹೇಳಿದ್ರೆ ಉಳಿದ ಅರ್ಧವನ್ನು ಅವನೇ ಕಟ್ಟಿಕೊಳ್ತಾನೆ, ಇನ್ನೂ ಕೆಟ್ಟದಾಗಿ” ಎಂದರು.

ಹೊಸ ವರ್ಷದ ನಂತರ ತಂಡ ಬ್ರಿಸ್ಬೇನಿಗೆ ಹೋಯಿತು. ಇದು ಕೊನೆಯ ಅವಕಾಶ, ಸರಿಹೋಗದಿದ್ದರೆ ಊರಿಗೆ ಕಳಿಸಬೇಕಾಗುತ್ತದೆ ಎಂದು ಕೋಚ್ ಹುಡುಗನಿಗೆ ಮೊದಲೇ ಹೇಳಿದ್ದ. ನಾನೂ ಆಂಟಿಯೂ ನಾರ್ತ್ ಲೇಕ್ಸ್‌ನ ಮಗಳ ಮನೆಯಲ್ಲಿಳಿದೆವು. ಆಟ ಅರ್ಧ ಗಂಟೆಯಲ್ಲಿ ಮುಗಿದಂತಾಯಿತು. ನಾಲ್ಕೈದು ಜನರನ್ನು ಪುಕ್ಕಟೆಯಾಗಿ ನಡೆಸಿದ. ಜನ ಲೊಚಗುಟ್ಟಿದರು. ಯಾರೋ “ಮನೆಗೆ ಹೋಗು ಮೇಟ್!” ಎಂದು ಕೂಗಿದ. ಕೋಚ್ ದಿಬ್ಬದ ತನಕ ನಡೆದು ಹೋಗಿ ಅವನ ಕೈಯಿಂದ ಚೆಂಡು ತೆಗೆದುಕೊಂಡ.

ಮರುದಿನ ಮಧ್ಯಾಹ್ನ ಮಗಳ ಮನೆಯಲ್ಲಿ ಬಾರ್ಬಿ, ಹಿತ್ತಲಲ್ಲಿ ಮಾಂಸ ಸುಟ್ಟು ತಿನ್ನುವ ಊಟ. ಹುಡುಗನನ್ನೂ ಕರೆದಿದ್ದರು. ಬೇಲಿಯ ಪಕ್ಕದ ಕುರ್ಚಿಯಲ್ಲಿ ತಟ್ಟೆ ಹಿಡಿದು ಕೂತಿದ್ದ, ತಿನ್ನುತ್ತಿರಲಿಲ್ಲ. ಅಜ್ಜಿಯನ್ನು ‘ನಾನಾ’ ಎಂದೇ ಕರೆಯುವ ಮೊಮ್ಮಗಳು ಅವನನ್ನೇ ನೋಡಿ, “ನಾನಾ, ಈಸ್ ಹಿ ಗೋಯಿಂಗ್ ಟು ಕ್ರೈ?” ಎಂದು ಜೋರಾಗಿ ಕೇಳಿದಳು. “ನೀನು ಒಳಗೆ ಹೋಗು ಬಾಯಮ್ಮ” ಎಂದು ಆಂಟಿ ಅವಳನ್ನು ಕಳಿಸಿದರು.

ಮಗಳು ತಡೆಯಲಾರದೆ ಸಿಡುಕಿದಳು. “ಮಮ್ಮಿ, ನೀನೇ ಅವನನ್ನ ಇನ್ನೂ ಹೆದರಿಸ್ತಾ ಇದೀಯ. ದಿನಾ ಕಣ್ಣು, ಕಣ್ಣು ಅಂತ. ನನ್ನನ್ನೂ ಹೀಗೇ ಬೆಳೆಸ್ದೆ.”

ಆಂಟಿ ಕುರ್ಚಿಯನ್ನು ಹುಡುಗನ ಪಕ್ಕ ಎಳೆದುಕೊಂಡರು. ಅಷ್ಟು ವರ್ಷ ಜೊತೆಗೆ ಕೆಲಸ ಮಾಡಿದ ನಾನು ಆ ತನಕ ಕೇಳದ ಕಥೆಯನ್ನು ಅವತ್ತು ಅವರು ಆ ಪರದೇಶಿ ಹುಡುಗನಿಗೆ ಹೇಳಿದರು. ಕುವೈತಿನಲ್ಲಿ ಯುದ್ಧ ಬಂದಾಗ ಎಳೆ ಮಗುವನ್ನೆತ್ತಿಕೊಂಡು ಬಸ್ಸಿನಲ್ಲಿ ಮರುಭೂಮಿ ದಾಟಿದ್ದು. ನಡುವೆ ಬಸ್ಸು ನಿಂತಿತು. ಬಂದೂಕು ಹಿಡಿದವರು ಹತ್ತಿದರು, ಗಂಡಸರಲ್ಲಿ ಕೆಲವರನ್ನು ಇಳಿಸಿದರು. ಏಕೆಂದು ಯಾರೂ ಹೇಳಲಿಲ್ಲ. ಮಗುವಿನ ತುಟಿ ಒಣಗಿ ಬಿರಿದಿತ್ತು.

“ನನ್ನ ಗಂಡ ಒಳ್ಳೆಯವರು. ದಾರಿ ಇಡೀ ‘ಏನೂ ಆಗುದಿಲ್ಲ, ಏನೂ ಆಗುದಿಲ್ಲ’ ಅಂತ ಹೇಳಿದರು. ನನಗೆ ಅವರನ್ನು ಹೊಡೆಯುವಷ್ಟು ಸಿಟ್ಟು ಬಂತು. ಆಚೆ ಸೀಟಿನಲ್ಲಿ ಒಬ್ಬಳು ಮುದುಕಿ, ಯಾವ ದೇಶದವಳೋ. ‘ನನಗೆ ತುಂಬಾ ಹೆದರಿಕೆ, ನಿನ್ನ ಕೈ ಹಿಡ್ಕೊಳ್ಲಾ?’ ಅಂತ ಅರಬಿಯಲ್ಲಿ ಕೇಳಿದಳು. ಅವಳ ಕೈ ಹಿಡಿದ ಮೇಲೆ ನನಗೆ ಮಗುವಿಗೆ ಹಾಲು ಕುಡಿಸ್ಲಿಕ್ಕೆ ಆಯ್ತು.”

ಹುಡುಗ ತಟ್ಟೆಯಿಂದ ತಲೆಯೆತ್ತಿದ. “ಆಮೇಲೆ ಹೋಯ್ತಾ ಅದು? ಹೆದರಿಕೆ?”

“ಎಲ್ಲಿ ಹೋಗುದು? ಇಲ್ಲೇ ಉಂಟು. ದಿನಾ ಕೆಲಸಕ್ಕೆ ಕರ್ಕೊಂಡು ಹೋಗ್ತೇನೆ.”

“ಮತ್ತೆ ಇಂಜೆಕ್ಷನ್ ಹೇಗೆ ಕೊಡ್ತೀರಿ?”

“ಚುಚ್ಚುವ ಜಾಗ ನೋಡ್ತೇನೆ ಪುತಾ. ಅಷ್ಟೇ. ಅವರು ಕಿರುಚಿದ್ರೆ ಅಂತ ಅವರ ಮುಖ ನೋಡ್ತಾ ಕೂತ್ರೆ ಸೂಜಿ ಎಲ್ಲೋ ಹೋಗ್ತದೆ.”

ಹುಡುಗ ತಟ್ಟೆಯಲ್ಲಿದ್ದದ್ದನ್ನು ತಿಂದ. ಅದಕ್ಕಿಂತ ಹೆಚ್ಚಿನದೇನೂ ಆ ಮಧ್ಯಾಹ್ನ ನಡೆಯಲಿಲ್ಲ. ಅವನು ಒಮ್ಮೆಲೇ ಸರಿಹೋದ ಎಂದರೆ ಸುಳ್ಳಾಗುತ್ತದೆ. ಇನ್ನೊಬ್ಬ ಎಸೆತಗಾರನ ಭುಜಕ್ಕೆ ಪೆಟ್ಟಾದದ್ದರಿಂದ ಕೋಚ್ ಅವನನ್ನು ಊರಿಗೆ ಕಳಿಸಲಿಲ್ಲ, ಅಷ್ಟೇ. ಸೋತು ಕೈಬಿಟ್ಟ ಆಟಗಳ ಕೊನೆಗೆ ಒಂದಿಷ್ಟು ಹೊತ್ತು ಎಸೆಯಲು ಬಿಡುತ್ತಿದ್ದ. ಚೆಂಡು ಸ್ವಲ್ಪ ಸ್ವಲ್ಪವೇ ಹತ್ತಿರ ಬರತೊಡಗಿತ್ತು.

ಸೀಸನ್ನಿನ ಕೊನೆಯ ಪಂದ್ಯಗಳಿಗೆ ಪರ್ತ್ ತಂಡ ಅಡಿಲೇಡಿಗೆ ಬಂತು. ಅವರೊಂದಿಗೆ ಆ ಕೆಂಪು ಗಡ್ಡದವನೂ ಬಂದ. ಕಣ್ಣು ಉಳಿದಿತ್ತು. ಡಾಕ್ಟರು ಆಡಬಹುದು ಎಂದಿದ್ದರು. ತಾಯಿಗೆ ಅವನನ್ನು ಒಬ್ಬನೇ ಕಳಿಸಲು ಮನಸ್ಸಾಗದೆ ಅವಳೂ ಬಂದಳು. ಹೋಟೆಲಿನಲ್ಲಿ ಎಂತಕ್ಕೆ ಎಂದು ಆಂಟಿ ಅವಳನ್ನು ಮಾಡ್ಬರಿಯ ಮನೆಗೇ ಕರೆತಂದರು. ಅವಳು ಬರುತ್ತಾಳೆಂದು ತಿಳಿದ ಹುಡುಗ ಹಿಂದಿನ ದಿನವೇ ಬ್ಯಾಗು ಕಟ್ಟಿ ಗೆಳೆಯನ ಮನೆಗೆ ಓಡಿದ್ದ.

ಭಾನುವಾರದ ಮಧ್ಯಾಹ್ನ, ಕೊನೆಯ ಆಟ. ನಮ್ಮವರು ಕೊನೆಯ ಸ್ಥಾನದಲ್ಲಿರುವುದು ಆಗಲೇ ನಿಶ್ಚಯವಾಗಿತ್ತು. ಮೈದಾನದಲ್ಲಿ ಬೆರಳೆಣಿಕೆಯ ಜನ. ಆಂಟಿಯ ಒಂದು ಪಕ್ಕ ನಾನು, ಇನ್ನೊಂದು ಪಕ್ಕ ಆ ತಾಯಿ. ಎಸೆಯಲು ಜನವೇ ಉಳಿದಿರಲಿಲ್ಲವಾಗಿ ಹುಡುಗನನ್ನೇ ದಿಬ್ಬಕ್ಕೆ ಕಳಿಸಿದ್ದರು. ಸ್ವಲ್ಪ ಹೊತ್ತಿಗೆ ಕೆಂಪು ಗಡ್ಡದವನ ಸರದಿ ಬಂತು. ಅವನ ಹೆಲ್ಮೆಟ್ಟಿಗೆ ಕೆನ್ನೆ ಮುಚ್ಚುವ ಪ್ಲಾಸ್ಟಿಕ್ ತುಂಡೊಂದನ್ನು ಸೇರಿಸಿದ್ದರು.

ತಾಯಿ ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡಳು. “ನನಗೆ ನೋಡೋಕಾಗಲ್ಲ. ಏನಾಯ್ತು ಅಂತ ನೀವು ಹೇಳಿ.”

ಆಂಟಿ ನನ್ನ ಕಡೆ ತಿರುಗಿದರು. ಜಪಮಾಲೆಯನ್ನು ನನ್ನ ಮಡಿಲಲ್ಲಿ ಹಾಕಿದರು. ಕಣ್ಣು ತೆರೆದುಕೊಂಡು ಮುಂದಕ್ಕೆ ಬಾಗಿ ಕೂತರು.

ಮೊದಲ ಚೆಂಡು ಎಲ್ಲೋ ಹೊರಗೆ ಹೋಯಿತು. ಅದಕ್ಕೂ ಮುಂಚೆಯೇ ಬ್ಯಾಟ್ ಹಿಡಿದವನ ಕಾಲು ಹಿಂದೆ ಸರಿದಿತ್ತು. “ದೂರ ಹೋಯ್ತು” ಎಂದರು ಆಂಟಿ. “ನಿಮ್ಮ ಮಗನೂ ಹೆದರಿದ್ದಾನೆ, ನನ್ನವನೂ ಹೆದರಿದ್ದಾನೆ.” ಎರಡನೆಯದೂ ಹಾಗೆಯೇ. ಹುಡುಗ ಟೋಪಿ ತೆಗೆದು ಬೆವರೊರೆಸಿ, ಎದುರಿನವನ ಮುಖದಿಂದ ಕಣ್ಣು ಕಿತ್ತು, ಚೆಂಡು ಹಿಡಿಯುವವನ ಗ್ಲೌಸನ್ನೇ ದಿಟ್ಟಿಸಿದ. ಎಸೆದ. ಚೆಂಡು ಕೆಂಪು ಗಡ್ಡದವನ ಎದೆಯ ಪಕ್ಕದಲ್ಲೇ, ನ್ಯಾಯವಾಗಿ, ಗ್ಲೌಸಿಗೆ ಹೋಗಿ ಬಡಿಯಿತು. ಅವನು ನಿಂತಲ್ಲಿಂದ ಅಲುಗಿರಲಿಲ್ಲ.

“ಹತ್ತಿರ ಬಂತು. ತಾಗಲಿಲ್ಲ. ನಿಂತಿದ್ದಾನೆ ನಿಮ್ಮ ಮಗ, ನಿಂತಿದ್ದಾನೆ!”

ತಾಯಿ ಮುಖದಿಂದ ಕೈ ತೆಗೆದಳು. ಮುಂದಿನ ಎಸೆತಕ್ಕೆ ಕೆಂಪು ಗಡ್ಡದವನು ಬ್ಯಾಟ್ ಬೀಸಿದ. ಹೊಡೆತ ಕಚ್ಚಿಕೊಂಡಿತು. ಚೆಂಡು ಬಂದ ದಾರಿಯಲ್ಲೇ, ಬಂದದ್ದಕ್ಕಿಂತ ಜೋರಾಗಿ, ನೇರ ಹುಡುಗನ ತಲೆಗೆ ಹೋಯಿತು. ಹುಡುಗ ದಿಬ್ಬದ ಮೇಲಿಂದ ಕಾಣೆಯಾದ. ಟೋಪಿಯೊಂದು ಗಾಳಿಯಲ್ಲಿ ತಿರುಗುತ್ತ ಕೆಳಗೆ ಬಿತ್ತು.

ಒಬ್ಬ ಹೆಂಗಸು ಕಿರುಚಿದಳು. ನಾನು ಆಂಟಿ ಎಂದುಕೊಂಡೆ. ಆಂಟಿಯ ಬಾಯಿ ತೆರೆದಿತ್ತು, ಸದ್ದು ಬರುತ್ತಿರಲಿಲ್ಲ. ಎದ್ದು ನಿಂತು ನಮ್ಮ ಹುಡುಗನ ಹೆಸರು ಹಿಡಿದು ಕೂಗುತ್ತಿದ್ದವಳು ಪರ್ತ್‌ನ ಆ ತಾಯಿ. ಮತ್ತೆ ಮತ್ತೆ, ತನ್ನ ಹೊಟ್ಟೆಯಲ್ಲಿ ಹುಟ್ಟಿದವನನ್ನು ಕೂಗಿದ ಹಾಗೆ.

ಹುಡುಗ ಮೊಣಕಾಲಿನ ಮೇಲೆ ಎದ್ದ. ಕಿವಿ ಮುಟ್ಟಿ ನೋಡಿಕೊಂಡ. ಚೆಂಡು ಕೂದಲು ಸವರಿಕೊಂಡು ಹೋಗಿತ್ತು, ಅಷ್ಟೇ. ಮೊದಲ ಬೇಸ್ ತಲುಪಿದ ಕೆಂಪು ಗಡ್ಡದವನು ಅಲ್ಲೇ ಕುಕ್ಕರಿಸಿ, ತಲೆಯ ಮೇಲೆ ಎರಡೂ ಕೈ ಹೊತ್ತು, ಬಿಳಿಚಿಹೋಗಿದ್ದ. ಹುಡುಗ ಅವನ ಕಡೆ ನೋಡಿ ಎದೆಯ ಮೇಲೆ ಕೈಯಿಟ್ಟು ತಟ್ಟಿದ. ಆಮೇಲೆ ಟೋಪಿ ಹೆಕ್ಕಿ ತಲೆಗಿಟ್ಟುಕೊಂಡು ಮುಂದಿನವನಿಗೆ ಚೆಂಡು ಎಸೆದ.

ಅವತ್ತೂ ನಮ್ಮವರು ಸೋತರು. ಆ ಹುಡುಗನನ್ನು ಮುಂದಿನ ವರ್ಷ ಯಾವ ತಂಡವೂ ಕರೆಯಲಿಲ್ಲ. ಈಗ ತನ್ನೂರಿನ ಶಾಲೆಯೊಂದರಲ್ಲಿ ಮಕ್ಕಳಿಗೆ ಆಟ ಕಲಿಸುತ್ತಾನೆಂದು ಆಂಟಿ ಹೇಳುತ್ತಿದ್ದರು. ಕೆಂಪು ಗಡ್ಡದವನು ಇನ್ನೆರಡು ಬೇಸಿಗೆ ಆಡಿ ತನ್ನ ತಂತಿ ಕೆಲಸಕ್ಕೆ ಮರಳಿದ. ತಂಡವನ್ನು ಮುಚ್ಚಲಿಲ್ಲ.

ಆಟ ಮುಗಿದರೂ ಅಂದು ಆಂಟಿ ಏಳಲಿಲ್ಲ. ನಾವು ಅಲ್ಲೇ ಕೂತೆವು. ಸ್ವಲ್ಪ ಹೊತ್ತಿಗೆ ನಮ್ಮ ಹುಡುಗ, ಕೆಂಪು ಗಡ್ಡದವನು ಇಬ್ಬರೂ ಮೆಟ್ಟಿಲು ಹತ್ತಿ ಬಂದರು, ಒಬ್ಬರ ಹಿಂದೊಬ್ಬರು. ತಾಯಿ ನಮ್ಮ ಹುಡುಗನ ಕಿವಿಯನ್ನು ಹಿಡಿದು ತಿರುಗಿಸಿ ನೋಡಿದಳು. ಆಂಟಿ ಕೆಂಪು ಗಡ್ಡದವನನ್ನು ಎದುರಿನ ಬೆಂಚಿನ ಮೇಲೆ ಕೂರಿಸಿ, “ಇಷ್ಟು ದಿನ ಫೋನಿನಲ್ಲೇ ಕೇಳಿದ್ದು. ನಾನೊಮ್ಮೆ ಕಣ್ಣು ನೋಡ್ತೇನೆ” ಎಂದರು. ತೋರುಬೆರಳನ್ನು ಅವನ ಮೂಗಿನ ಮುಂದೆ ಹಿಡಿದು, ತಲೆ ಆಡಿಸದೆ ಕಣ್ಣಲ್ಲಷ್ಟೇ ಹಿಂಬಾಲಿಸಲು ಹೇಳಿದರು.

ಅವನು ಕಣ್ಣು ಕಿರಿದು ಮಾಡಿದ. ಹುಬ್ಬು ಗಂಟಿಕ್ಕಿದ. ತಾಯಿ ಹತ್ತಿರಕ್ಕೆ ಬಾಗಿದಳು.

“ಆಂಟಿ, ಬೆರಳು ಒಂದು ಕಡೆ ನಿಲ್ತಾನೇ ಇಲ್ಲ. ಅಲುಗಾಡ್ತಾನೇ ಇದೆ. ಇದು ನನ್ನ ಕಣ್ಣಾ, ನಿಮ್ಮ ಬೆರಳಾ?”

ಎಲ್ಲರೂ ಬೆರಳನ್ನು ನೋಡಿದೆವು. ಅದು ಗಾಳಿಗೆ ಸಿಕ್ಕ ಎಲೆಯ ಹಾಗೆ ಗಡಗಡ ನಡುಗುತ್ತಿತ್ತು. ನಮ್ಮ ಹುಡುಗ ಪಕ್ಕದಲ್ಲಿ ಕೂತು, ಚೆಂಡೆಸೆಯುವ ಆ ಕೈಯಲ್ಲಿ ಆಂಟಿಯ ಮುಂಗೈಯನ್ನು ಹಿಡಿದು ನಿಲ್ಲಿಸಿದ.

“ಈಗ?” ಎಂದು ಕೇಳಿದ.

“ಈಗ ಸರಿಯಾಗಿ ಕಾಣ್ತಿದೆ.”